ಮೂರನೆಯ ಎಲೆ

ದ್ವಾರಕಾ, ಹೊಸದಿಲ್ಲಿ
12 ಸೆಪ್ಟೆಂಬರ್ 2006

ಪ್ರೀತಿಯ ಮಾಚಮ್ಮ ಮಾವಿಗೆ,

ಫೋನಿನಲ್ಲಿ ನನ್ನ ಮಾತು ಬಾವಿಯೊಳಗಿಂದ ಬಂದ ಹಾಗೆ ಕೇಳಿಸುತ್ತದೆ ಎಂದು ದೂರಿದ್ದಿರಿ. ಅದಕ್ಕೇ ಮತ್ತೆ ಪೆನ್ನು ಹಿಡಿದಿದ್ದೇನೆ. ನಮ್ಮ ಕೊಡವ ಮಾತನ್ನು ಬರೆಯಲು ಕೂತರೆ ಕೈ ತಾನಾಗಿ ಕನ್ನಡಕ್ಕೆ ಹೊರಳುತ್ತದೆ. ಶಾಲೆಯಲ್ಲಿ ಬರೆದು ಕಲಿತದ್ದು ಅದನ್ನೇ ತಾನೆ.

ಸುದ್ದಿ ಏನೆಂದರೆ, ಕೊನೆಗೂ ನಮ್ಮವರ ಬಗ್ಗೆಯೇ ಒಂದು ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಗಯಾದ ಪಿಂಡ, ಹರಿದ್ವಾರದ ಸಾಧುಗಳು, ಸ್ಪಿತಿಯ ಲಾಮಾಗಳು, ಇಲ್ಲಿಯ ದರ್ಗಾ, ಹೀಗೆ ಊರವರ ದೇವರನ್ನೆಲ್ಲ ಸಿನಿಮಾ ಮಾಡಿದೆ, ಸ್ವಂತ ಮನೆಯ ಹಿರಿಯರ ಕಡೆ ತಿರುಗಿ ನೋಡಲಿಲ್ಲ ಎಂದು ಸೋದರತ್ತೆಯಾದ ನೀವೇ ಹಂಗಿಸುತ್ತಿದ್ದಿರಿ. ಈಗ ಒಂದು ಚಾನೆಲ್ ಒಪ್ಪಿದೆ. ಸೇನೆಯಿಂದ ನಿವೃತ್ತರಾಗಿ ದೆಹಲಿಯ ಸುತ್ತಮುತ್ತ ಉಳಿದುಕೊಂಡ ಕೊಡವ ಕುಟುಂಬಗಳು, ಫ್ಲ್ಯಾಟುಗಳಲ್ಲಿ ಅವರು ಹಿರಿಯರನ್ನು ನೆನೆಯುವ ಬಗೆ, ಇದು ವಿಷಯ. ನಮ್ಮ ಮನೆಯಲ್ಲೇ ಮೀದಿ ಇಡುವ ದೃಶ್ಯವೂ ಇರುತ್ತದೆ. ನಿರೂಪಣೆಗೆ ಹೀಗೆ ಬರೆದಿದ್ದೇನೆ, ತಪ್ಪಿದ್ದರೆ ತಿದ್ದಿ:

"ಮೀದಿ ಎಂದರೆ ತೀರಿಕೊಂಡವರಿಗೆ ಬಡಿಸುವ ಊಟ. ನಮ್ಮ ಮನೆತನದಲ್ಲಿ ಒಬ್ಬೊಬ್ಬರಿಗೂ ಒಂದೊಂದು ಬಾಳೆಯೆಲೆ. ಅವರಿಗೆ ಇಷ್ಟವಾದದ್ದನ್ನು ಬಡಿಸಿ, ಪಕ್ಕದಲ್ಲಿ ಲೋಟದಲ್ಲಿ ಬ್ರಾಂದಿ ಇಟ್ಟು, ಮನೆಯ ಹಿರಿಯರು ಹೆಸರು ಹಿಡಿದು ಕರೆಯುತ್ತಾರೆ. ಆಮೇಲೆ ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಕಾಯುತ್ತಾರೆ."

ಹೆಸರು ಕರೆಯಲು ಗ್ರೇಟರ್ ನೋಯ್ಡಾದಿಂದ ಕರ್ನಲ್ ಅಚ್ಚಯ್ಯನವರು ಬರುತ್ತಾರೆ. ಈ ಕಡೆ ನಮ್ಮ ಮನೆತನಕ್ಕೆ ಈಗ ಅವರೇ ಹಿರಿಯರು. ಪಂದಿಮಾಂಸ, ಬಾಳೆಯೆಲೆ ಎರಡೂ ಐಎನ್‌ಎ ಮಾರ್ಕೆಟ್ಟಿನಲ್ಲಿ ಸಿಗುತ್ತವೆ. ಕಾಚಂಪುಳಿ ಸಿಗುವುದಿಲ್ಲ. ಆ ಕಪ್ಪು ಹುಳಿ ಬೀಳದ ಪಂದಿ ಕರಿಯನ್ನು ಅಪ್ಪ ಮುಟ್ಟುವುದಿಲ್ಲ, ಒಂದು ಬಾಟಲಿ ಕಳಿಸಿ.

ಇನ್ನೊಂದು ಮಾತು, ಅಳುಕುತ್ತಲೇ ಕೇಳುತ್ತೇನೆ. ಅಪ್ಪನಿಗೊಂದು ಎಲೆ, ಅವ್ವನಿಗೊಂದು. ಅಣ್ಣನಿಗೂ ಒಂದು ಹಾಕಲೇ? ಅವನ ತುಕಡಿಯ ಮೇಲೆ ಹಿಮ ಕುಸಿದು ಬರುವ ಜನವರಿಗೆ ಇಪ್ಪತ್ತು ವರ್ಷ. ಸತ್ತನೆಂದು ಸರ್ಕಾರ ಕಾಗದ ಕೊಟ್ಟಿತು. ಹೆಣ ನೋಡದೆ ನನ್ನ ಮಗನಿಗೆ ಎಲೆ ಹಾಕಕೂಡದು ಎಂದು ಅವ್ವ ಹಟ ಹಿಡಿದಳು. ಈಗ ಅವ್ವನೇ ಹೋಗಿ ಮೂರು ವರ್ಷವಾಯಿತು. ನೀವು ಹೂಂ ಅಂದರೆ ಹಾಕುತ್ತೇನೆ.

ನಿಮ್ಮ
ಬೊಳ್ಳಮ್ಮ


ಮೈಸೂರು
25 ಸೆಪ್ಟೆಂಬರ್ 2006

ಬೊಳ್ಳಮ್ಮ,

ನಿನ್ನ ಕೈಬರಹ ಇನ್ನೂ ಡಾಕ್ಟರರ ಚೀಟಿಯ ಹಾಗೇ ಇದೆ. ಜೀವಮಾನವೆಲ್ಲ ನರ್ಸ್ ಆಗಿದ್ದವಳು, ಅದಕ್ಕೇ ಓದಲು ಸಾಧ್ಯವಾಯಿತು.

ಕಾಚಂಪುಳಿ ಬರುತ್ತಿದೆ. ನಮ್ಮ ಬೀದಿಯ ಕೇಶವಮೂರ್ತಿ ಕಚೇರಿ ಕೆಲಸಕ್ಕೆಂದು ಬಂದು ಚಾಣಕ್ಯಪುರಿಯ ಕರ್ನಾಟಕ ಭವನದಲ್ಲಿ ಇಳಿಯುತ್ತಾರೆ. ಹೋಗಿ ತೆಗೆದುಕೋ. ಬಾಟಲಿಯ ಬಾಯಿಗೆ ಮೇಣ ಹಾಕಿದ್ದೇನೆ, ಆದರೂ ಅವರ ಬಿಳಿ ಶರ್ಟುಗಳ ಗತಿ ದೇವರೇ ಬಲ್ಲ.

ನಿನ್ನ ನಿರೂಪಣೆಯಲ್ಲಿ ಮುಖ್ಯವಾದದ್ದೇ ಬಿಟ್ಟುಹೋಗಿದೆ. ಬಾಗಿಲು ಮುಚ್ಚಿದ ಮೇಲೆ ಒಳಗೆ ಯಾರ ಕಣ್ಣೂ ಇರಬಾರದು. ಸಂದಿಯಲ್ಲಿ ಇಣುಕುವುದೂ ಕೂಡದು. ನೋಡುತ್ತಿದ್ದರೆ ಅವರು ಉಣ್ಣುವುದಿಲ್ಲ. ತೆರೆಯುವ ಮುಂಚೆ ಒಮ್ಮೆ ಕೆಮ್ಮಬೇಕು, ಏಳಲು ಅವರಿಗೆ ಸಮಯ ಬೇಡವೇ.

ಅಯ್ಯಣ್ಣನಿಗೆ ಎಲೆ ಹಾಕಬೇಡ. ಕಾರಣ ಕೇಳಬೇಡ, ನಿನ್ನ ಅವ್ವನಿಗೆ ಕೊಟ್ಟ ಮಾತು ಅಂದುಕೋ. ಅವನ ಊಟದ ವಿಷಯ ಅವನು ಬಂದಾಗ ನೋಡೋಣ. ನೀನಾದರೋ ಅರ್ಧ ಉಂಡು ಎದ್ದು ಓಡುವವಳು. ಅವನು ಎಷ್ಟು ಹೊತ್ತಾದರೂ ಕೂತು ಪೂರ್ತಿ ಉಂಡು, ಎಲೆಯನ್ನು ಎರಡು ಸಲ ಮಡಚಿ, ಅದರ ಮೇಲೆ ಲೋಟ ಕವುಚಿಟ್ಟೇ ಏಳುತ್ತಿದ್ದ. ಆ ಲೋಟದ ಕೆಲಸ ಯಾರು ಕಲಿಸಿದರೋ ಗೊತ್ತಿಲ್ಲ, ಎಷ್ಟು ಬೈದರೂ ಬಿಡಲಿಲ್ಲ.

ಗಯಾ ಮತ್ತು ಸ್ಪಿತಿಯ ಡಿಸ್ಕುಗಳು ಗೀರು ಬಿದ್ದು ನಿಂತು ನಿಂತು ಓಡುತ್ತವೆ. ಹೊಸದು ಕಳಿಸು, ನನಗೆ ಬೇಕು. ಒಂದು ಕೇಳಲೇ? ನಿನ್ನ ಚಿತ್ರಗಳಲ್ಲಿ ಹಿಂದೆ ನಿಂತಿರುವವರನ್ನು ನೀನು ಯಾವತ್ತಾದರೂ ಸರಿಯಾಗಿ ನೋಡಿದ್ದೀಯಾ?

ಮಾಚಮ್ಮ ಮಾವಿ


ದ್ವಾರಕಾ
17 ಅಕ್ಟೋಬರ್ 2006

ಪ್ರೀತಿಯ ಮಾವಿ,

ಕಾಚಂಪುಳಿ ಸಿಕ್ಕಿತು. ಕೇಶವಮೂರ್ತಿಯವರ ಶರ್ಟುಗಳು ಬದುಕಿಕೊಂಡಿವೆ. ಹೊಸ ಡಿಸ್ಕುಗಳನ್ನು ಇದರೊಂದಿಗೆ ಇಟ್ಟಿದ್ದೇನೆ.

ಮೀದಿಯ ಚಿತ್ರೀಕರಣ ಭಾನುವಾರ ಮಧ್ಯಾಹ್ನ ಮುಗಿಯಿತು. ನೀವು ಹೇಳಿದಂತೆಯೇ ಮಾಡಿದೆವು. ಒಳಕೋಣೆಯ ಮಂಚ ಹೊರಗೆ ಹಾಕಿ, ನೆಲ ಒರೆಸಿ, ಗೋಡೆಯುದ್ದಕ್ಕೆ ಎಲೆ ಹಾಕಿದೆ. ಪಂದಿ ಕರಿ, ಕಡುಬು, ಕೋಳಿ. ಮೇಲಿನ ಮನೆಯ ಗುಪ್ತಾಜಿ ವಾಸನೆ ತಡೆಯಲಾರದೆ ಕಿಟಕಿ ಮುಚ್ಚಿಕೊಂಡರು. ಅಚ್ಚಯ್ಯನವರು ಕುಪ್ಯ ತೊಟ್ಟು, ಸೊಂಟಕ್ಕೆ ಪೀಚೆಕತ್ತಿ ಸಿಕ್ಕಿಸಿ ಕಾರಿನಿಂದ ಇಳಿದಾಗ ಗೇಟಿನ ಚೌಕಿದಾರ ಸೆಲ್ಯೂಟ್ ಹೊಡೆದನಂತೆ. ಅವರು ಪ್ರತಿ ಎಲೆಯ ಮುಂದೆ ನಿಂತು ಹೆಸರು ಕರೆದರು. ಕೊನೆಯ ಹೆಸರಿಗೆ ಅವರ ದನಿ ಒಡೆಯಿತು. ಅಂಥ ಗಟ್ಟಿ ಮನುಷ್ಯನ ದನಿ ಒಡೆದದ್ದನ್ನು ನಾನು ಇದೇ ಮೊದಲು ಕೇಳಿದ್ದು.

ಕ್ಯಾಮೆರಾ ಎಂದಿನಂತೆ ಏಕನಾಥನದು. ನನ್ನ ಎಲ್ಲ ಚಿತ್ರಗಳನ್ನೂ ತೆಗೆದವನು, ನಿಮಗೆ ಹೆಸರು ಗೊತ್ತು. ಅವನ ಅಪ್ಪ ಬೀದರಿನವರು, ಅವನು ದೆಹಲಿಯಲ್ಲೇ ಬೆಳೆದವನು. ಹಿಂದೆ ನಿಂತವರ ಬಗ್ಗೆ ನೀವು ಕೇಳಿದ್ದನ್ನು ಅವನಿಗೆ ಹೇಳಲಿಲ್ಲ, ತನ್ನ ಫ್ರೇಮಿನಲ್ಲಿ ಕುಂದು ಹುಡುಕಿದರೆ ಅವನಿಗೆ ಸಿಟ್ಟು ಬರುತ್ತದೆ. ಜನಜಂಗುಳಿಯಲ್ಲಿ ಯಾರೋ ನಿಂತಿರುತ್ತಾರೆ ಮಾವಿ, ಎಲ್ಲರನ್ನೂ ಸರಿಸಲಾಗುವುದಿಲ್ಲ.

ಒಂದು ಸಣ್ಣ ಕಿರಿಕಿರಿ. ಆ ದಿನದಿಂದ ಒಳಕೋಣೆಯಲ್ಲಿ ಒದ್ದೆ ಬಟ್ಟೆಯ ವಾಸನೆ. ಮಳೆ ನಿಂತು ಎಷ್ಟೋ ದಿನವಾಗಿದೆ. ಪ್ಲಂಬರ್ ಭಯ್ಯಾ ಬಂದು ಗೋಡೆಗೆ ಕಿವಿಯಿಟ್ಟು, "ಪೈಪ್ ಎಲ್ಲಾ ಠೀಕ್ ಹೈ, ಮೇಡಂ" ಎಂದು ಹೇಳಿ ಹೋದ. ನಾನು ಹಾಲಿನಲ್ಲಿ ಮಲಗುತ್ತಿದ್ದೇನೆ.

ಬೊಳ್ಳಮ್ಮ


ಮೈಸೂರು
30 ಅಕ್ಟೋಬರ್ 2006

ಬೊಳ್ಳಮ್ಮ,

ಅಪ್ಪನ ಎಲೆ ಮೊದಲು, ಅವ್ವನದು ಆಮೇಲೆ. ಹಾಗಾದರೆ ಕೊನೆಯ ಹೆಸರು ನಿನ್ನ ಅವ್ವನದು. ಅವಳ ಹೆಸರಿಗೆ ಅಚ್ಚಯ್ಯನ ದನಿ ಒಡೆಯಿತೇ? ಬದುಕಿದ್ದಾಗ ಅವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ಮಾವಿಗೆ ವಯಸ್ಸಾಗಿದೆ, ತಲೆ ಕೆಟ್ಟಿಲ್ಲ.

ಎಷ್ಟು ಎಲೆ ಹಾಕಿದೆ? ಮುಚ್ಚಿದ ಕೋಣೆಯಲ್ಲಿ ಏನು ಬಿಟ್ಟು ಬಂದೆ?

ಇನ್ನೊಂದು ಹೇಳು. ಅದು ಒದ್ದೆ ಬಟ್ಟೆಯ ವಾಸನೆಯೋ, ಒದ್ದೆ ಉಣ್ಣೆಯ ವಾಸನೆಯೋ? ಒಳಗೆ ಹೋಗಿ, ಮೂಸಿ ನೋಡಿ, ಬರೆ.

ಮಾವಿ


ದ್ವಾರಕಾ
11 ನವೆಂಬರ್ 2006

ಮಾವಿ,

ಮೂರು ಎಲೆ ಹಾಕಿದೆ. ನಿಮಗೆ ಸುಳ್ಳು ಹೇಳಿದ್ದಕ್ಕೆ ನಾಚಿಕೆಯಾಗುತ್ತಿದೆ, ಎಲೆ ಹಾಕಿದ್ದಕ್ಕೆ ನಾಚಿಕೆಯಿಲ್ಲ. ಅವ್ವ ಬಾಗಿಲ ಸದ್ದಾದಾಗಲೆಲ್ಲ ಅರ್ಧ ಎದ್ದು ಕೂರುತ್ತಿದ್ದುದನ್ನು ದಿನವೂ ನೋಡಿದವಳು ನಾನು. ನಾನು ಮನೆಗೆ ಬಂದರೂ ಅವಳ ಮುಖ ಒಂದು ಗಳಿಗೆ ಬಾಡುತ್ತಿತ್ತು, ಬಂದದ್ದು ನಾನು ಮಾತ್ರ ಎಂದು. ಸತ್ತವನನ್ನು ಸತ್ತ ಎನ್ನಲು ನಮ್ಮ ಮನೆಯಲ್ಲಿ ಯಾರಿಗೂ ಧೈರ್ಯವಿರಲಿಲ್ಲ. ನನಗೆ ಸಾಕಾಗಿತ್ತು.

ನೀವು ಕೇಳಿದ ಇನ್ನೊಂದನ್ನೂ ಹೇಳಿಬಿಡುತ್ತೇನೆ. ಬಾಗಿಲು ಮುಚ್ಚುವಾಗ ಕ್ಯಾಮೆರಾವನ್ನು ಒಳಗೆ ಓಡುತ್ತಲೇ ಬಿಟ್ಟೆ. ಏಕನಾಥ ಬೇಡವೆಂದ. "ದೀದಿ, ಇದು ಠೀಕ್ ಅನ್ನಿಸ್ತಿಲ್ಲ ನಂಗೆ," ಅಂದ. ನಾನು ಕೇಳಲಿಲ್ಲ. ಕಣ್ಣು ಇರಬಾರದು ಎಂದಿದ್ದಿರಿ, ಕ್ಯಾಮೆರಾ ಕಣ್ಣಲ್ಲ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಇಷ್ಟು ವರ್ಷ ಅದನ್ನು ನನ್ನ ಕಣ್ಣು ಎಂದೇ ಎಲ್ಲ ಕಡೆ ಭಾಷಣ ಮಾಡಿದವಳು ನಾನು.

ಟೇಪಿನಲ್ಲಿ ಏನೂ ಇಲ್ಲ. ಮೂರು ಎಲೆ, ಮೂರು ಲೋಟ, ದೀಪ. ಒಂದು ಅಗುಳೂ ಅಲುಗಿಲ್ಲ. ಚಾನೆಲ್‌ನವರು ನೋಡಿ ಕುಣಿದಾಡುತ್ತಿದ್ದಾರೆ. ಚಿತ್ರಕ್ಕೆ ಇದೇ ಪ್ರಾಣ, ಖಾಲಿ ಕೋಣೆಯನ್ನೇ ಪೂರ್ತಿ ತೋರಿಸೋಣ ಎನ್ನುತ್ತಾರೆ. ಡಿಸ್ಕಿಗೆ ಹಾಕಿಸಿ ಕಳಿಸಿದ್ದೇನೆ, ನೀವೇ ನೋಡಿ ಮನಸ್ಸು ಹಗುರ ಮಾಡಿಕೊಳ್ಳಿ.

ವಾಸನೆ ಉಣ್ಣೆಯದೇ. ನಿಮಗೆ ಹೇಗೆ ಗೊತ್ತಾಯಿತು?

ಬೊಳ್ಳಮ್ಮ


ಮೈಸೂರು
28 ನವೆಂಬರ್ 2006

ಮಗೂ,

ಡಿಸ್ಕ್ ಬಂದು ಎಂಟು ದಿನವಾಯಿತು. ದಿನವೂ ಹಾಕಿ ಹಾಕಿ ನೋಡಿದೆ, ಇವತ್ತು ಬರೆಯುತ್ತಿದ್ದೇನೆ.

ಅವನು ಇದ್ದಾನೆ. ಬಾಗಿಲು ಮುಚ್ಚಿ ನಿಮ್ಮ ಹೆಜ್ಜೆ ಸದ್ದು ದೂರವಾದ ಮೇಲೆ ನೋಡು. ಮೂರನೆಯ ಎಲೆಯ ಹಿಂದೆ, ಗೋಡೆಗೆ ಬೆನ್ನು ಕೊಟ್ಟು ನಿಂತಿದ್ದಾನೆ. ಕುಳಿತುಕೊಳ್ಳಲಿಲ್ಲ. ಊಟ ಮುಟ್ಟಲಿಲ್ಲ. ಉದ್ದಕ್ಕೂ ನಿನ್ನ ಕ್ಯಾಮೆರಾವನ್ನೇ ನೋಡುತ್ತಿದ್ದಾನೆ. ನೀವು ಬಾಗಿಲು ತೆರೆದು ಒಳಗೆ ಬಂದಾಗಲೂ ಅಲ್ಲೇ ಇದ್ದ. ನೀನು ಎಲೆ ಎತ್ತುವಾಗ ಅವನ ಕಾಲ ಹತ್ತಿರ ಬಗ್ಗಿದ್ದೀಯೆ.

ಮೈಮೇಲೆ ನಾನು ಹೆಣೆದ ಹಸಿರು ಸ್ವೆಟರ್. ಎಡತೋಳು ಉದ್ದವಾಗಿತ್ತು, ಬಿಚ್ಚಿ ಹೆಣೆದುಕೊಡುತ್ತೇನೆ ಎಂದರೂ ಕೇಳದೆ, ಮಡಚಿಕೊಂಡು ಹಾಕುತ್ತೇನೆ ಮಾವಿ ಎಂದು ರಜೆ ಮುಗಿಸಿ ರೈಲು ಹತ್ತಿದ್ದ. ಈಗಲೂ ಎಡತೋಳು ಮಡಚಿದೆ.

ನಿನ್ನಿಂದ ಮುಚ್ಚಿಟ್ಟದ್ದನ್ನು ಹೇಳುತ್ತೇನೆ. ನಾನು ಅವನನ್ನು ನೋಡಿದ್ದು ಇದು ಮೊದಲ ಸಲ ಅಲ್ಲ. ಗಯಾದ ಚಿತ್ರ ಟೀವಿಯಲ್ಲಿ ಬಂದಾಗ, ಕಂಬದ ಪಕ್ಕ ನಿಂತಿದ್ದ. ಆಗ ನನ್ನ ಮನೆಗೆ ಬಂದಿದ್ದ ನಿನ್ನ ಅವ್ವ ಪರದೆಗೆ ಕೈಯಿಟ್ಟು ಮುಖ ಸವರಿದಳು. ಆಮೇಲೆ ಹರಿದ್ವಾರದಲ್ಲಿ, ಸಾಧುಗಳ ಸಾಲಿನ ಕೊನೆಯಲ್ಲಿ. ಸ್ಪಿತಿಯ ಮಠದ ಅಂಗಳದಲ್ಲಿ. ದರ್ಗಾದ ದೊಡ್ಡ ಹಂಡೆಗಳ ಹತ್ತಿರ. ಮಗ ಬದುಕಿದ್ದಾನೆ, ಏನೋ ಕಾರಣಕ್ಕೆ ಮರೆಯಾಗಿದ್ದಾನೆ, ತಂಗಿಗೆ ಕಾವಲಾಗಿ ಹೋದಲ್ಲೆಲ್ಲ ಹಿಂದೆ ಬರುತ್ತಾನೆ ಎಂದು ಅವಳು ನಂಬಿದಳು. ನಿನಗೆ ಹೇಳಿದರೆ ನೀನು ಹುಡುಕಲು ಹೊರಡುತ್ತೀಯೆ, ಅವನು ಹೆದರಿ ಬರುವುದನ್ನೇ ಬಿಡುತ್ತಾನೆ ಎಂದು ನನ್ನಿಂದ ಮಾತು ತೆಗೆದುಕೊಂಡಳು. ನಾನೂ ನಂಬಿದೆ.

ನಾನು ನರ್ಸ್. ಎಷ್ಟು ವರ್ಷ ಕಳೆದರೂ ಆ ಮುಖಕ್ಕೆ ವಯಸ್ಸಾಗಿಲ್ಲ ಎನ್ನುವುದು ನನಗೆ ಕಾಣಬೇಕಿತ್ತು. ಕಂಡಿತ್ತೋ ಏನೋ, ಬೇಡವಾಗಿತ್ತು. ಈಗ, ಮುಚ್ಚಿದ ಬಾಗಿಲ ಹಿಂದೆ, ಐದನೆಯ ಮಹಡಿಯ ಕೋಣೆಯಲ್ಲಿ ನಿಂತವನನ್ನು ನೋಡಿದ ಮೇಲೆ ಯಾವ ಸುಳ್ಳೂ ನಡೆಯುವುದಿಲ್ಲ. ನನ್ನ ಕೂಸು ಸತ್ತಿದ್ದಾನೆ ಬೊಳ್ಳು. ಇಪ್ಪತ್ತು ವರ್ಷದ ಅಳು ಈ ವಾರ ಅಳುತ್ತಿದ್ದೇನೆ.

ಮಾವಿ


ದ್ವಾರಕಾ
14 ಡಿಸೆಂಬರ್ 2006

ಮಾವಿ,

ನಿಮ್ಮ ಕಾಗದ ಓದಿ ಮೊದಲು ಸಿಟ್ಟು ಬಂತು, ಆಮೇಲೆ ಹೆದರಿಕೆ. ಎಲ್ಲ ಚಿತ್ರಗಳನ್ನೂ ಹಾಕಿ ನೋಡಿದೆ. ಗಯಾದಲ್ಲಿ ನನಗೆ ಕಾಣುವುದು ಕಂಬ ಮಾತ್ರ. ನಮ್ಮ ಕೋಣೆಯಲ್ಲಿ ಗೋಡೆ ಮಾತ್ರ. ಒಡಹುಟ್ಟಿದವಳು ನಾನು, ನನಗೇ ಯಾಕೆ ಕಾಣುವುದಿಲ್ಲ ಎಂದು ಟೀವಿಯ ಮುಂದೆ ಕೂತು ಅತ್ತೆ.

ಮರುದಿನ ಏಕನಾಥನನ್ನು ಕರೆಸಿದೆ. ನಿಮ್ಮ ಕಾಗದದ ವಿಷಯ ಹೇಳದೆ, ಗಯಾದಲ್ಲಿ ಕಂಬದ ಪಕ್ಕ ಯಾರಾದರೂ ನಿಂತಿದ್ದರೇ ಎಂದಷ್ಟೇ ಕೇಳಿದೆ.

"ಹಸಿರು ಸ್ವೆಟರ್‌ನೋರಾ, ದೀದಿ?" ಅಂದ. "ಅವರು ಎಲ್ಲಾ ಶೂಟ್‌ನಲ್ಲೂ ಇರ್ತಾರಲ್ಲ. ನಿಮ್ಮ ಕಡೆಯೋರು ಅಂದ್ಕೊಂಡಿದ್ದೆ. ಏಕ್ ದೋ ಬಾರ್ ಸರೀರಿ ಅಂತ ಕೈ ಮಾಡ್ದೆ. ಸರೀಲಿಲ್ಲ. ಆಮೇಲೆ ಅವರಿಗೂ ಜಾಗ ಬಿಟ್ಟೇ ಫ್ರೇಮ್ ಇಡ್ತಿದ್ದೆ."

"ಮಾತಾಡಿಸಿದ್ದೀಯಾ?"

"ಹರಿದ್ವಾರದಲ್ಲಿ ಒಂದ್ಸಲ. ಊಟ ಆಯ್ತಾ ಅಂತ ಕೇಳ್ದೆ. ಇನ್ನೂ ಕರೆದಿಲ್ಲ ಅಂದ್ರು. ಕನ್ನಡದಲ್ಲೇ ಅಂದ್ರು, ದೀದಿ."

ಮಾವಿ, ನೀವು ಬರೆದ ಜಾಗಗಳನ್ನು ಮತ್ತೆ ಓದಿ. ಗಯಾದ ಕಂಬದ ಪಕ್ಕ ಪಿಂಡ ಇಡುತ್ತಿದ್ದರು. ಹರಿದ್ವಾರದಲ್ಲಿ ತೀರಿಕೊಂಡ ಗುರುವಿನ ಹೆಸರಿನಲ್ಲಿ ಸಾಧುಗಳಿಗೆ ಊಟ ಹಾಕುತ್ತಿದ್ದರು. ಸ್ಪಿತಿಯ ಅಂಗಳದಲ್ಲಿ ಸತ್ತವನೊಬ್ಬನಿಗಾಗಿ ಹಿಟ್ಟಿನ ಮುದ್ದೆ ಇಡುತ್ತಿದ್ದರು. ದರ್ಗಾದಲ್ಲಿ ಉರುಸಿನ ದಿನ ಹಂಡೆಗಳಲ್ಲಿ ಅನ್ನ ಬೇಯುತ್ತಿತ್ತು. ಅವನು ನನಗೆ ಕಾವಲಾಗಿ ಬಂದದ್ದಲ್ಲ. ಊರವರು ತಮ್ಮ ತಮ್ಮ ಸತ್ತವರನ್ನು ಕರೆದು ಬಡಿಸುವ ಕಡೆಗೆಲ್ಲ ನಾನು ಹೋದೆ, ಅವನು ನನ್ನ ಹಿಂದೆ ಬಂದು ಪಕ್ಕದಲ್ಲಿ ನಿಂತ. ಅವನ ಹೆಸರನ್ನು ಯಾರೂ ಕರೆಯಲಿಲ್ಲ. ಕರೆಯಬೇಕಾದವರು ನಾವು, ಬದುಕಿದ್ದಾನೆ ಎಂದು ಕೂತಿದ್ದೆವು. ಪ್ರೀತಿಯಿಂದಲೇ ಅವನನ್ನು ಇಷ್ಟು ವರ್ಷ ಉಪವಾಸ ಕೆಡವಿದೆವು.

ಕೊನೆಗೆ ಅಚ್ಚಯ್ಯನವರು ಕರೆದರು. ಬಂದ. ನಾನು ಅವನ ಮುಂದೆ ಕ್ಯಾಮೆರಾ ಇಟ್ಟೆ.

ಒಳಕೋಣೆಯ ವಾಸನೆ ದಿನದಿನಕ್ಕೆ ಹೆಚ್ಚುತ್ತಿದೆ. ನೆಲ ಒರೆಸಿದರೂ ಗೋಡೆಯ ಹತ್ತಿರ ಒಂದು ಕಡೆ ನೀರು ಒಸರುತ್ತದೆ, ಐಸಿನ ಹಾಗೆ ತಣ್ಣಗಿರುತ್ತದೆ. ಅಲ್ಲಿ ನಿಂತು, ಇನ್ನು ಸ್ವಲ್ಪ ದಿನ ತಾಳು ಅಣ್ಣ ಎಂದು ಹೇಳಿ ಬಂದೆ. ಹಿಮ ಕುಸಿದ ದಿನ ಮತ್ತೆ ಮೀದಿ ಇಡುತ್ತೇನೆ. ನಿಮ್ಮ ಒಪ್ಪಿಗೆ ಬೇಕು.

ಬೊಳ್ಳಮ್ಮ


ಮೈಸೂರು
26 ಡಿಸೆಂಬರ್ 2006

ಇಡು. ಪಂದಿ ಕರಿಯಲ್ಲಿ ಕೊಬ್ಬಿನ ತುಂಡುಗಳನ್ನು ಅವನಿಗೇ ಹಾಕು. ಕಡುಬು ಬಿಸಿ ಇರಲಿ, ಅವನು ಚಳಿಯಲ್ಲಿದ್ದವನು.

ಮಾವಿ


ದ್ವಾರಕಾ
19 ಜನವರಿ 2007

ಪ್ರೀತಿಯ ಮಾವಿ,

ಆಯಿತು.

ಮಂಜು ಎಷ್ಟು ದಟ್ಟವಾಗಿತ್ತೆಂದರೆ ಅಚ್ಚಯ್ಯನವರು ಗ್ರೇಟರ್ ನೋಯ್ಡಾದಿಂದ ತಲುಪುವಷ್ಟರಲ್ಲಿ ಮಧ್ಯಾಹ್ನವಾಯಿತು. ಅವರಿಗೆ ಎಲ್ಲವನ್ನೂ ಹೇಳಿದೆ. ಗದರುತ್ತಾರೆ ಅಂದುಕೊಂಡಿದ್ದೆ. "ಹೋದ ಸಲ ಅವನ ಹೆಸರು ಕರೆದಾಗ ನನ್ನ ಕೈಗೆ ತಣ್ಣಗೆ ಏನೋ ತಾಗಿತು ಮಗಳೆ, ವಯಸ್ಸಿನ ನಡುಕ ಅಂದುಕೊಂಡು ಸುಮ್ಮನಾದೆ," ಎಂದರು. ಏಕನಾಥ ಕ್ಯಾಮೆರಾವನ್ನು ಕೆಳಗೆ ಕಾರಿನ ಡಿಕ್ಕಿಯಲ್ಲಿಟ್ಟು ಬೀಗ ಹಾಕಿ ಮೇಲೆ ಬಂದ. ಮೊಬೈಲುಗಳನ್ನೂ ಹೊರಗಿಟ್ಟೆವು. ಈ ಸಲ ಹೆಸರನ್ನು ಅಚ್ಚಯ್ಯನವರ ಜೊತೆ ನಾನೂ ಕರೆದೆ. ಬಾಗಿಲು ಮುಚ್ಚಿ ಹಾಲಿನಲ್ಲಿ ಕೂತೆವು. ಅವನು ನಿಧಾನವಾಗಿ ಉಣ್ಣುವವನು ಎಂದು ನೀವು ಬರೆದದ್ದು ನೆನಪಾಗಿ, ಅಚ್ಚಯ್ಯನವರು ಎರಡು ಸಲ ಏಳಲು ಹೋದಾಗಲೂ ಕೈ ಹಿಡಿದು ಕೂರಿಸಿದೆ.

ಕೆಮ್ಮಿ ಬಾಗಿಲು ತೆರೆದಾಗ ಒಳಗೆ ಏನು ನೋಡಿದೆವೆಂದು ಬರೆಯುವುದಿಲ್ಲ. ನೀವೂ ಕೇಳಬೇಡಿ. ಜೀವಮಾನವೆಲ್ಲ ಎಲ್ಲರ ನಂಬಿಕೆಯನ್ನೂ ಬಾಗಿಲು ತೆಗೆದು ತೋರಿಸಿದೆ, ಇದೊಂದು ಒಳಗೇ ಇರಲಿ. ವಾಸನೆ ಹೋಗಿದೆ. ನೆಲ ಒಣಗಿದೆ. ನಿನ್ನೆಯಿಂದ ಅಲ್ಲೇ ಮಲಗುತ್ತಿದ್ದೇನೆ.

ಖಾಲಿ ಕೋಣೆಯ ದೃಶ್ಯ ಕೊಡುವುದಿಲ್ಲ ಎಂದದ್ದಕ್ಕೆ ಚಾನೆಲ್‌ನವರು ಹಿಂದೆ ಸರಿದರು. ಚಿತ್ರವನ್ನು ಸ್ವಂತವಾಗಿ ಮುಗಿಸುತ್ತೇನೆ, ಯಾವಾಗ ಎಂದು ತಿಳಿಯದು. ಮುಚ್ಚಿದ ಬಾಗಿಲನ್ನು ಹೊರಗಿನಿಂದ ತೋರಿಸಿ ಸುಮ್ಮನಾಗುತ್ತೇನೆ. ಒಳಗಿನ ಟೇಪನ್ನು ಅಳಿಸಿಬಿಟ್ಟೆ. ನಿಮ್ಮ ಹತ್ತಿರದ ಡಿಸ್ಕೊಂದೇ ಉಳಿದಿರುವುದು. ಅದನ್ನು ಏನು ಮಾಡುತ್ತೀರೋ ನಿಮಗೆ ಬಿಟ್ಟದ್ದು.

ನಿಮ್ಮ
ಬೊಳ್ಳಮ್ಮ


ಮೈಸೂರು
2 ಫೆಬ್ರವರಿ 2007

ಬೊಳ್ಳು,

ನಿನ್ನ ಕಾಗದ ಬಂದ ದಿನ ಕನ್ನಡಕ ಒರೆಸಿಕೊಂಡು ಗಯಾದ ಡಿಸ್ಕ್ ಹಾಕಿದೆ. ಕಂಬ ಇದೆ, ಪಕ್ಕದಲ್ಲಿ ಯಾರೂ ಇಲ್ಲ. ಹರಿದ್ವಾರದ ಸಾಲು ಒಬ್ಬ ಮುದುಕ ಸಾಧುವಿಗೆ ಮುಗಿಯುತ್ತದೆ. ಸ್ಪಿತಿಯ ಅಂಗಳದಲ್ಲಿ ಒಂದು ನಾಯಿ. ದರ್ಗಾದಲ್ಲಿ ಹೊಗೆ. ಇಷ್ಟು ವರ್ಷ ಅವನನ್ನು ನೋಡಲೆಂದೇ ಹಾಕುತ್ತಿದ್ದ ಚಿತ್ರಗಳಲ್ಲಿ ನಿನ್ನ ಕೆಲಸವನ್ನು ಈಗ ಮೊದಲ ಸಲ ನೋಡಿದೆ. ಚೆನ್ನಾಗಿ ಮಾಡಿದ್ದೀಯೆ. ಮಾತು ಸ್ವಲ್ಪ ಜಾಸ್ತಿ.

ಅವನಿಲ್ಲದ ಕಂಬ ನೋಡಿ ಎದೆಯೊಳಗೆ ಏನೋ ಕಿತ್ತುಹೋದ ಹಾಗಾಯಿತು, ಸುಳ್ಳು ಯಾಕೆ ಹೇಳಲಿ. ಹೊಟ್ಟೆ ತುಂಬಿದವನು ಇನ್ನೊಬ್ಬರ ಮನೆಯ ಊಟದ ಹತ್ತಿರ ಯಾಕೆ ನಿಲ್ಲುತ್ತಾನೆ ಎಂದು ನನಗೆ ನಾನೇ ಹೇಳಿಕೊಂಡೆ.

ಆಮೇಲೆ ನಿನ್ನ ಕೋಣೆಯ ಡಿಸ್ಕ್ ಹಾಕಿದೆ. ಅಕ್ಟೋಬರಿನದು, ಒಂದು ಅಗುಳೂ ಅಲುಗಿಲ್ಲ ಎಂದು ನೀನು ಬರೆದದ್ದು. ನವೆಂಬರಿನಲ್ಲಿ ನಾನೂ ಹಾಗೆಯೇ ನೋಡಿದ್ದೆ. ಈಗ ಗೋಡೆಯ ಹತ್ತಿರ ಯಾರೂ ಇಲ್ಲ. ಅಪ್ಪನ ಎಲೆ ಹಾಗೇ ಇದೆ, ಅವ್ವನದೂ ಹಾಗೇ. ಮೂರನೆಯ ಎಲೆ ಎರಡು ಸಲ ಮಡಚಿದೆ. ಮೇಲೆ ಲೋಟ ಕವುಚಿಟ್ಟಿದೆ.

ಡಿಸ್ಕನ್ನು ಡಬ್ಬಿಗೆ ಹಾಕಿ ಟ್ರಂಕಿನ ಅಡಿಯಲ್ಲಿಟ್ಟಿದ್ದೇನೆ, ಇನ್ನು ತೆಗೆಯುವುದಿಲ್ಲ. ಬರುವ ವರ್ಷ ನಾನೂ ದೆಹಲಿಗೆ ಬರುತ್ತೇನೆ, ಕಡುಬು ನಾನೇ ಮಾಡುತ್ತೇನೆ. ನಿನ್ನ ಕಡುಬು ಕಲ್ಲಿನ ಹಾಗಿರುತ್ತದೆ, ಪಾಪ, ಹಸಿದಿದ್ದಕ್ಕೆ ಉಂಡಿದ್ದಾನೆ.

ಮಾಚಮ್ಮ ಮಾವಿ